ಸಾಫ್ಟ್‌ವೇರ್ ನಮ್ಮ ಜೇಬಿನಲ್ಲಿ, ಬದಲಾವಣೆ ಯಾರ ಮನೆಯಲ್ಲಿ? ಪೆನ್‌ಡ್ರೈವ್‌ನಿಂದಲೇ ವಿಂಡೋಸ್ ಒಗ್ಗಿಸಿಕೊಳ್ಳುವ ಬಗೆ

ನನ್ನ ಕೆಲಸ ಮೂರು ಕಂಪ್ಯೂಟರ್‌ಗಳಿಗೆ ಹಂಚಿಹೋಗಿದೆ. ಮೂರರಲ್ಲಿ ಒಂದೂ ನನ್ನದಲ್ಲ. ವಾರದಲ್ಲಿ ನಾಲ್ಕು ದಿನ ಶಿರಸಿಯ ಬಿಡಕಿಬೈಲ್ ಹತ್ತಿರ ಒಂದು ಡಿಟಿಪಿ ಅಂಗಡಿ. ಎರಡು ದಿನ ದೇವಿಮನೆ ಘಟ್ಟ ಇಳಿದು, ಕುಮಟಾ, ಅಂಕೋಲಾ ದಾಟಿ, ಕಾರವಾರದಲ್ಲಿ ಗೆಳೆಯನ ಆಫೀಸು. ಭಾನುವಾರ ಅಕ್ಕನ ಮನೆಗೆ ಹೋದರೆ ಭಾವನ ಲ್ಯಾಪ್‌ಟಾಪ್. ಒಂದರಲ್ಲಿ ಕ್ಯಾಪ್ಸ್ ಲಾಕ್ ಸುಮ್ನೆ ಒತ್ತಿಹೋಗುತ್ತದೆ. ಇನ್ನೊಂದರಲ್ಲಿ ಫೈಲ್ ಹೆಸರಿನ ಕೊನೆಯ ಎಕ್ಸ್‌ಟೆನ್ಷನ್ ಕಾಣುವುದಿಲ್ಲ. ಮೂರರಲ್ಲೂ ದಿನಕ್ಕೆ ಮೂವತ್ತು ಸಲ ‘ಶಿರಸಿ ತಾಲೂಕು, ಉತ್ತರ ಕನ್ನಡ ಜಿಲ್ಲೆ’ ಅಂತ ಟೈಪ್ ಮಾಡಬೇಕು.

ಹೋದಲ್ಲೆಲ್ಲ ಸಾಫ್ಟ್‌ವೇರ್ ಇನ್‌ಸ್ಟಾಲ್ ಮಾಡುತ್ತಾ ಕೂತರೆ ಕಂಪ್ಯೂಟರ್ ಯಜಮಾನರು ಸುಮ್ಮನಿರುತ್ತಾರಾ? ಹಾಗಾಗಿ ಪೋರ್ಟಬಲ್ ಸಾಫ್ಟ್‌ವೇರ್ ದಾರಿ ಹಿಡಿದೆ. ಪೋರ್ಟಬಲ್ ಅಂದರೆ ಇನ್‌ಸ್ಟಾಲ್ ಮಾಡದೆ, ಪೆನ್‌ಡ್ರೈವ್‌ನ ಫೋಲ್ಡರ್‌ನಿಂದಲೇ ಓಡುವ ಪ್ರೋಗ್ರಾಂ. ಅದರ ಸೆಟ್ಟಿಂಗ್ ಕೂಡ ಅದೇ ಫೋಲ್ಡರ್‌ನಲ್ಲಿ ಇರುತ್ತದೆ. ಚುಚ್ಚಿ, ಓಡಿಸಿ, ಕೆಲಸ ಮುಗಿಸಿ, ಕಿತ್ತುಕೊಂಡು ಹೋಗಿ. ಮೊದಲ ಒಂದು ವರ್ಷ ನಾನೂ ಹಾಗೇ ಅಂದುಕೊಂಡಿದ್ದೆ.

ಭಾವನ ಅಡಿಕೆ ಲೆಕ್ಕ

ಒಂದು ಭಾನುವಾರ ಭಾವನ ಲ್ಯಾಪ್‌ಟಾಪ್ ತುಂಬ ನಿಧಾನ ಅನ್ನಿಸಿತು. ಪೆನ್‌ಡ್ರೈವ್‌ನಲ್ಲಿ ವಿಂಡೋಸ್ ಸೆಟ್ಟಿಂಗ್ ಬದಲಿಸುವ ಒಂದು ಟೂಲ್ ಇತ್ತು. ತೆರೆದೆ. ‘ಬೇಡದ್ದು’ ಅಂತ ಕಂಡದ್ದನ್ನೆಲ್ಲ ಟಕಟಕ ಆಫ್ ಮಾಡಿದೆ. ಪೆನ್‌ಡ್ರೈವ್ ಕಿತ್ತು, ಕಷಾಯ ಕುಡಿದು, ಮನೆಗೆ ಬಂದೆ.

ಮೂರು ವಾರದ ಮೇಲೆ ಫೋನ್ ಬಂತು. ‘ಎಂತ ಮಾಡಿಟ್ಟಿದ್ಯೋ ಮಾರಾಯಾ? ಲ್ಯಾಪ್‌ಟಾಪಲ್ಲಿ ಹಾಕಿದ ಲೆಕ್ಕ ಫೋನಿಗೆ ಬರ್ತಾನೇ ಇಲ್ಲ!’ ಭಾವ ಅಡಿಕೆ ಲೆಕ್ಕದ ಎಕ್ಸೆಲ್ ಫೈಲನ್ನು ಕ್ಲೌಡ್ ಫೋಲ್ಡರ್‌ನಲ್ಲಿ ಇಟ್ಟಿದ್ದರು. ಲ್ಯಾಪ್‌ಟಾಪ್, ಫೋನ್ ಎರಡರಲ್ಲೂ ಫೈಲ್ ಒಂದೇ ಥರ ಇರುವಂತೆ ನೋಡಿಕೊಳ್ಳುವುದಕ್ಕೆ ಸಿಂಕ್ ಅನ್ನುತ್ತಾರೆ. ನಾನು ಆಫ್ ಮಾಡಿದ ಇಪ್ಪತ್ತು ಚಿಲ್ಲರೆ ವಿಷಯಗಳಲ್ಲಿ ಆ ಸಿಂಕ್ ಕೂಡ ಒಂದು. ಎರರ್ ಬಂದಿರಲಿಲ್ಲ, ಕೆಂಪು ಗುರುತೂ ಇರಲಿಲ್ಲ. ಮೂರು ವಾರ ಸದ್ದಿಲ್ಲದೆ ನಿಂತಿತ್ತು. ನಾನು ಮೊದಲು ಹೇಳಿದ ಮಾತು ಏನು ಗೊತ್ತಾ? ‘ಪೆನ್‌ಡ್ರೈವ್ ನನ್ನ ಹತ್ತಿರವೇ ಇದೆಯಲ್ಲ ಭಾವ, ಅದು ಕಾರಣ ಆಗಿರಲಿಕ್ಕಿಲ್ಲ.’

ಅದೇ ಕಾರಣ. ಪೋರ್ಟಬಲ್ ಆಗಿದ್ದದ್ದು ಪ್ರೋಗ್ರಾಂ. ಅದು ಮಾಡಿದ ಬದಲಾವಣೆ ಪೋರ್ಟಬಲ್ ಅಲ್ಲ.

ಎಲೆ ಹಾಸುವ ಜಾತಿ, ಡಬ್ಬಿ ಬದಲಿಸುವ ಜಾತಿ

ಅಂದಿನಿಂದ ನಾನು ಈ ಸಾಫ್ಟ್‌ವೇರ್‌ಗಳನ್ನು ಎರಡು ಜಾತಿ ಮಾಡಿಕೊಂಡಿದ್ದೇನೆ. ಊಟಕ್ಕೆ ಹೋದವರು ಬಾಳೆಲೆ ಹಾಸಿಕೊಂಡು ಉಂಡು, ಎಲೆ ತೆಗೆದು ಬರುವುದು ಒಂದು. ಅವರ ಅಡುಗೆಮನೆಗೆ ನುಗ್ಗಿ ಡಬ್ಬಿಗಳ ಜಾಗ ಬದಲಿಸಿ ಬರುವುದು ಇನ್ನೊಂದು. ನಾವು ಹೋದ ಮೇಲೂ ಆ ಮನೆಯವರು ಉಪ್ಪು ಎಲ್ಲಿ ಅಂತ ಹುಡುಕಬೇಕು.

ಎಲೆ ಹಾಸುವ ಜಾತಿ ಓಡುತ್ತಿರುವಷ್ಟು ಹೊತ್ತು ಮಾತ್ರ ಪರಿಣಾಮ ತೋರಿಸುತ್ತದೆ. ಮುಚ್ಚಿದರೆ ಕಂಪ್ಯೂಟರ್ ಮೊದಲಿನಂತೆ. ಕೀಬೋರ್ಡ್ ಬದಲಿಸುವ ಆಟೋಹಾಟ್‌ಕೀ, ಡೆಸ್ಕ್‌ಟಾಪ್ ಮೇಲೆ ಗಡಿಯಾರ, ನೆಟ್ ಮೀಟರ್ ತೋರಿಸುವ ರೇನ್‌ಮೀಟರ್, ಟಾಸ್ಕ್‌ಬಾರ್ ವರ್ತನೆ ಬದಲಿಸುವ 7+ ಟಾಸ್ಕ್‌ಬಾರ್ ಟ್ವೀಕರ್ ಇಂಥವು.

ಡಬ್ಬಿ ಬದಲಿಸುವ ಜಾತಿ ವಿಂಡೋಸ್‌ನ ರಿಜಿಸ್ಟ್ರಿಯಲ್ಲಿ ಬರೆಯುತ್ತದೆ. ರಿಜಿಸ್ಟ್ರಿ ಅಂದರೆ ವಿಂಡೋಸ್ ತನ್ನ ಸೆಟ್ಟಿಂಗ್‌ಗಳನ್ನೆಲ್ಲ ಇಟ್ಟುಕೊಳ್ಳುವ ಖಾತೆ ಪುಸ್ತಕ. ಅದು ಇರುವುದು ಆ ಕಂಪ್ಯೂಟರ್‌ನ ಸಿ ಡ್ರೈವ್‌ನಲ್ಲಿ. ನಿಮ್ಮ ಹೆಸರಿನ ಸೆಟ್ಟಿಂಗ್ ನಿಮ್ಮ ಯೂಸರ್ ಫೋಲ್ಡರ್‌ನ ಒಂದು ಅಡಗಿದ ಫೈಲಿನಲ್ಲಿ, ಇಡೀ ಕಂಪ್ಯೂಟರ್‌ನದ್ದು ವಿಂಡೋಸ್ ಫೋಲ್ಡರ್ ಒಳಗೆ. ಟೂಲ್ ಪೆನ್‌ಡ್ರೈವ್‌ನಿಂದ ಓಡಿದರೇನು, ಆಕಾಶದಿಂದ ಓಡಿದರೇನು, ಬರೆಯುವುದು ಅಲ್ಲೇ. ಓ ಆ್ಯಂಡ್ ಓ ಶಟ್‌ಅಪ್10++, ಅಲ್ಟಿಮೇಟ್ ವಿಂಡೋಸ್ ಟ್ವೀಕರ್, ವಿನೇರೋ ಟ್ವೀಕರ್ ಎಲ್ಲ ಈ ಜಾತಿ. ಮೊದಲಿನ ಎರಡಕ್ಕೆ ಇನ್‌ಸ್ಟಾಲ್ ಬೇಕಿಲ್ಲ. ಮೂರನೆಯದರ ಸೆಟಪ್‌ನಲ್ಲಿ ಪೋರ್ಟಬಲ್ ಆಯ್ಕೆ ಇದೆ. ಒಳ್ಳೆಯ ಟೂಲ್‌ಗಳೇ. ಬಳಸುವವನಿಗೆ ತಾನು ಏನು ಮಾಡುತ್ತಿದ್ದೇನೆ ಅಂತ ಗೊತ್ತಿರಬೇಕು, ಅಷ್ಟೇ.

ನಡುವೆ ಇನ್ನೊಂದು ಸಣ್ಣ ಗುಂಪಿದೆ. ವಿಂಡೋಸ್ ಒಳಗೆ ಏನು ನಡೆಯುತ್ತಿದೆ ಅಂತ ತೋರಿಸುವ, ಮೈಕ್ರೋಸಾಫ್ಟ್‌ನ ಸಿಸ್‌ಇಂಟರ್ನಲ್ಸ್ ಟೂಲ್‌ಗಳು ಇನ್‌ಸ್ಟಾಲ್ ಇಲ್ಲದೆ ಓಡುತ್ತವೆ. ಆದರೆ ಷರತ್ತಿಗೆ ‘ಒಪ್ಪಿದೆ’ ಅಂತ ನೀವು ಒತ್ತಿದ್ದನ್ನು ರಿಜಿಸ್ಟ್ರಿಯಲ್ಲಿ ಒಂದು ಗೆರೆ ಬರೆದಿಡುತ್ತವೆ. ಎಲೆ ತೆಗೆದರೂ ನೆಲದ ಮೇಲೆ ಒಂದು ಹನಿ ಮಜ್ಜಿಗೆ ಬಿದ್ದ ಹಾಗೆ. ಇದರಿಂದ ತೊಂದರೆ ಏನಿಲ್ಲ.

ಹೊಸ ಟೂಲ್ ಯಾವ ಜಾತಿ ಅಂತ ತಿಳಿಯುವುದು ಸುಲಭ. ನಿಮ್ಮದೇ ಕಂಪ್ಯೂಟರ್‌ನಲ್ಲಿ ಒಂದೇ ಒಂದು ಬದಲಾವಣೆ ಮಾಡಿ. ಟೂಲನ್ನು ಮುಚ್ಚಿ, ಗಡಿಯಾರದ ಪಕ್ಕದ ಐಕಾನ್‌ನಿಂದಲೂ ಎಕ್ಸಿಟ್ ಕೊಡಿ. ಕಂಪ್ಯೂಟರ್ ರೀಸ್ಟಾರ್ಟ್ ಮಾಡಿ. ಬದಲಾವಣೆ ಇನ್ನೂ ಇದ್ದರೆ ಅದು ಡಬ್ಬಿ ಜಾತಿ.

ಮೊದಲ ಹೆಜ್ಜೆ: ಪೆನ್‌ಡ್ರೈವ್

16 ಅಥವಾ 32 ಜಿಬಿ ಧಾರಾಳ ಸಾಕು. ಈ ಸಾಫ್ಟ್‌ವೇರ್‌ಗಳೆಲ್ಲ ಸೇರಿ ಒಂದು ಜಿಬಿ ಆಗುವುದೂ ಅನುಮಾನ. ಗಾತ್ರಕ್ಕಿಂತ ವೇಗ ನೋಡಿ. ಯುಎಸ್‌ಬಿ 3 ಇರುವುದನ್ನೇ ಕೊಳ್ಳಿ, ನೀಲಿ ಬಣ್ಣದ ಪೋರ್ಟ್ ಇದ್ದರೆ ಅದಕ್ಕೇ ಚುಚ್ಚಿ. ಜಾತ್ರೆ ಪೇಟೆಯಲ್ಲಿ ಅಗ್ಗಕ್ಕೆ ಸಿಗುವ ‘ಒಂದು ಟಿಬಿ’ ಪೆನ್‌ಡ್ರೈವ್ ನಂಬಬೇಡಿ. ತುಂಬ ಸಲ ಒಳಗೆ ಇರುವುದು ಅದರ ಸಣ್ಣ ತುಣುಕು, ಹೆಚ್ಚು ತುಂಬಿದರೆ ಹಳೆಯ ಫೈಲ್ ಅಳಿಸಿಹೋಗುತ್ತದೆ. ಎಚ್‌2ಟೆಸ್ಟ್‌ಡಬ್ಲ್ಯೂ ಎಂಬ ಉಚಿತ ಟೂಲ್ ಪೆನ್‌ಡ್ರೈವ್ ಪೂರ್ತಿ ಬರೆದು, ಮತ್ತೆ ಓದಿ ನಿಜ ಗಾತ್ರ ಹೇಳುತ್ತದೆ.

ಫಾರ್ಮ್ಯಾಟ್, ಅಂದರೆ ಪೆನ್‌ಡ್ರೈವ್‌ನಲ್ಲಿ ಫೈಲ್ ಜೋಡಿಸಿಡುವ ಬಗೆ, ಯಾವುದಿರಲಿ? ಎಫ್‌ಎಟಿ32 ಎಲ್ಲ ಕಡೆ ಓದುತ್ತದೆ, ಆದರೆ 4 ಜಿಬಿಗಿಂತ ದೊಡ್ಡ ಒಂದು ಫೈಲ್ ಅದರಲ್ಲಿ ಹಿಡಿಯದು. ಎಕ್ಸ್‌ಫ್ಯಾಟ್‌ಗೆ ಆ ತೊಂದರೆ ಇಲ್ಲ. ನಾನು ಹಾಕಿಕೊಂಡಿರುವುದು ಎನ್‌ಟಿಎಫ್‌ಎಸ್. ಕಾರಣ ನಮ್ಮ ಮಳೆಗಾಲ. ಜೂನ್ ಬಂತೆಂದರೆ ಶಿರಸಿಯಲ್ಲಿ ಕರೆಂಟ್ ಯಾವಾಗ ಹೋಗುತ್ತದೆ ಅಂತ ಹೇಳಲಾಗದು, ಎಲ್ಲ ಅಂಗಡಿಯಲ್ಲೂ ಯುಪಿಎಸ್ ಇರುವುದಿಲ್ಲ. ಎನ್‌ಟಿಎಫ್‌ಎಸ್ ತಾನು ಮಾಡಲಿರುವ ಬದಲಾವಣೆಯನ್ನು ಮೊದಲು ಒಂದು ಜರ್ನಲ್‌ನಲ್ಲಿ ಬರೆದುಕೊಳ್ಳುತ್ತದೆ. ಹಾಗಾಗಿ ನಡುವೆ ಕರೆಂಟ್ ಹೋದರೆ ಫೈಲ್ ಪಟ್ಟಿಯೇ ಕೆಡುವ ಸಾಧ್ಯತೆ ಕಡಿಮೆ. ಉಳಿದೆರಡರಲ್ಲಿ ಆ ವ್ಯವಸ್ಥೆ ಇಲ್ಲ. ಇದಕ್ಕೆ ಬೆಲೆಯೂ ಉಂಟು. ಜೆರಾಕ್ಸ್ ಮಷಿನ್, ಟಿವಿ ಇವುಗಳಲ್ಲಿ ಎಷ್ಟೋ ಎನ್‌ಟಿಎಫ್‌ಎಸ್ ಓದುವುದಿಲ್ಲ. ಪ್ರಿಂಟ್ ಕೊಡಲಿಕ್ಕೆ ಬೇರೆ ಪೆನ್‌ಡ್ರೈವ್ ಇಟ್ಟುಕೊಳ್ಳಿ. ಕಂಡಕಂಡ ಕಂಪ್ಯೂಟರ್‌ಗೆ ಚುಚ್ಚುವುದು ಅದನ್ನು, ಇದನ್ನಲ್ಲ.

ಕಾರವಾರದ ಕಡಲ ಗಾಳಿಗೆ ಯುಎಸ್‌ಬಿ ತುದಿ ಮಂಕಾಗುತ್ತದೆ. ಮುಚ್ಚಳ ಇರುವುದನ್ನು ತೆಗೆದುಕೊಳ್ಳಿ, ಮಾತ್ರೆ ಡಬ್ಬಿಯಲ್ಲಿ ಸಿಗುವ ಸಿಲಿಕಾ ಜೆಲ್ ಪೊಟ್ಟಣದ ಜೊತೆ ಸಣ್ಣ ಡಬ್ಬಿಯಲ್ಲಿಡಿ.

ಎರಡನೆಯದು: ಒಳಗಿನ ಜೋಡಣೆ

ಪೆನ್‌ಡ್ರೈವ್‌ನಲ್ಲಿ ಮೂರೇ ಫೋಲ್ಡರ್ ಮಾಡಿ. ‘ಎಲೆ’, ‘ಡಬ್ಬಿ’, ‘ಬ್ಯಾಕಪ್’. ನನ್ನದರಲ್ಲಿ ಹೆಸರು ಇಂಗ್ಲಿಷ್‌ನಲ್ಲಿದೆ, ಹಳೆಯ ಕೆಲವು ಪ್ರೋಗ್ರಾಂಗಳಿಗೆ ಕನ್ನಡ ಹೆಸರಿನ ದಾರಿ ತಿಳಿಯುವುದಿಲ್ಲ. ಪ್ರತಿ ಸಾಫ್ಟ್‌ವೇರ್‌ಗೆ ಅದರದೇ ಉಪಫೋಲ್ಡರ್ ಇರಲಿ. ಇವುಗಳ ಪಕ್ಕದಲ್ಲಿ ‘ಡೈರಿ’ ಎಂಬ ಒಂದು ಟೆಕ್ಸ್ಟ್ ಫೈಲ್. ಅದು ಯಾಕೆ ಅಂತ ಮುಂದೆ ಹೇಳುತ್ತೇನೆ.

ಡ್ರೈವ್ ಅಕ್ಷರದ ತಾಪತ್ರಯ ಇಲ್ಲೇ ಶುರು. ಅಂಗಡಿಯಲ್ಲಿ ನನ್ನ ಪೆನ್‌ಡ್ರೈವ್ ‘ಎಫ್’, ಕಾರವಾರದಲ್ಲಿ ‘ಇ’, ಭಾವನ ಮನೆಯಲ್ಲಿ ‘ಡಿ’. ಶಾರ್ಟ್‌ಕಟ್ ಮಾಡಿಟ್ಟರೆ ಅದು ಹಳೆಯ ಅಕ್ಷರವನ್ನೇ ಹುಡುಕಿಕೊಂಡು ಹೋಗುತ್ತದೆ. ಹಾಗಾಗಿ ಶಾರ್ಟ್‌ಕಟ್ ಬೇಡ, ಬ್ಯಾಚ್ ಫೈಲ್ ಮಾಡಿ. ಅಂದರೆ ವಿಂಡೋಸ್‌ಗೆ ಕೊಡುವ ಆದೇಶಗಳನ್ನು ಬರೆದಿಟ್ಟ, ‘ಬಿ-ಎ-ಟಿ’ ಎಕ್ಸ್‌ಟೆನ್ಷನ್‌ನ ಟೆಕ್ಸ್ಟ್ ಫೈಲ್. ಬ್ಯಾಚ್ ಫೈಲ್‌ನಲ್ಲಿ ‘ಪರ್ಸೆಂಟ್, ಟಿಲ್ಡೆ, ಡಿ, ಪಿ, ಸೊನ್ನೆ’ ಈ ಐದನ್ನು ಸೇರಿಸಿ ಬರೆದರೆ ‘ಈ ಫೈಲ್ ಇರುವ ಫೋಲ್ಡರ್’ ಅಂತ ಅರ್ಥ. ಅದರ ಮುಂದೆ ಉಳಿದ ದಾರಿ ಬರೆದರೆ ಡ್ರೈವ್ ಯಾವ ಅಕ್ಷರವಾದರೂ ಓಡುತ್ತದೆ.

ಬ್ಯಾಚ್ ಫೈಲ್ ಬರೆಯುವ ಗೋಜು ಬೇಡ ಅನ್ನುವವರಿಗೆ ಪೋರ್ಟಬಲ್‌ಆ್ಯಪ್ಸ್ ಎಂಬ ಮೆನು ಇದೆ. 2004ರಲ್ಲಿ ಪೋರ್ಟಬಲ್ ಫೈರ್‌ಫಾಕ್ಸ್ ಮಾಡಿದ ಜಾನ್ ಹಾಲರ್ ಅವರ ತಂಡದ್ದು. ಡ್ರೈವ್ ಅಕ್ಷರದ ಚಿಂತೆಯನ್ನು ಅದೇ ನೋಡಿಕೊಳ್ಳುತ್ತದೆ. ಡಿಟಿಪಿಯವರಿಗೆ ಇದರಲ್ಲಿ ಇನ್ನೊಂದು ಲಾಭ. ಪೆನ್‌ಡ್ರೈವ್‌ನಲ್ಲಿಟ್ಟ ಕನ್ನಡ ಫಾಂಟ್‌ಗಳನ್ನು ಮೆನು ಓಡುತ್ತಿರುವಷ್ಟು ಹೊತ್ತು ಬಳಸಬಹುದು, ಆ ಕಂಪ್ಯೂಟರ್‌ಗೆ ಫಾಂಟ್ ಇನ್‌ಸ್ಟಾಲ್ ಮಾಡುವುದು ಬೇಡ. ಇದು ಅಪ್ಪಟ ಎಲೆ ಜಾತಿ.

ಚುಚ್ಚಿದ ಕೂಡಲೇ ತಾನೇ ಓಡಬೇಕು ಅಂತ ಆಸೆಪಡಬೇಡಿ. ವೈರಸ್ ಹಾವಳಿಯಿಂದಾಗಿ ಪೆನ್‌ಡ್ರೈವ್‌ನ ಆಟೋರನ್ ಅನ್ನು ಮೈಕ್ರೋಸಾಫ್ಟ್ ವಿಂಡೋಸ್ 7ರಲ್ಲೇ ನಿಲ್ಲಿಸಿದೆ. 2011ರಲ್ಲಿ ಎಕ್ಸ್‌ಪಿ, ವಿಸ್ಟಾಗಳಿಗೂ ಅದೇ ಅಪ್‌ಡೇಟ್ ಕೊಟ್ಟಿತು. ಒಳ್ಳೆಯದೇ ಆಯಿತು. ಎರಡು ಕ್ಲಿಕ್ ನಾವೇ ಮಾಡೋಣ.

ಇನ್ನು, ಎಲ್ಲವನ್ನೂ ಮಾಡಿದವರ ಸ್ವಂತ ತಾಣದಿಂದಲೇ ಇಳಿಸಿಕೊಳ್ಳಿ. ಯಾರೋ ‘ಪೋರ್ಟಬಲ್ ಮಾಡಿ’ ಹಂಚಿದ, ಕ್ರ್ಯಾಕ್ ಮಾಡಿದ ಪ್ರತಿಯೊಳಗೆ ಏನಿರುತ್ತದೆ ಅಂತ ಅವರಿಗೇ ಗೊತ್ತು. ಈ ಟೂಲ್‌ಗಳು ಕೀಬೋರ್ಡ್ ಓದುತ್ತವೆ, ರಿಜಿಸ್ಟ್ರಿ ಬರೆಯುತ್ತವೆ. ಮನೆಯ ಬೀಗದ ಕೈ ಕೊಟ್ಟ ಹಾಗೆ ಅಲ್ವಾ?

ಮೂರನೆಯದು: ಆಟೋಹಾಟ್‌ಕೀ

ಒಂದೇ ಒಂದು ಸಾಫ್ಟ್‌ವೇರ್ ಇಟ್ಟುಕೊಳ್ಳಿ ಅಂದರೆ ನಾನು ಇದನ್ನೇ ಇಟ್ಟುಕೊಳ್ಳುತ್ತೇನೆ. ಉಚಿತ, ಪುಟ್ಟದು, ಅಡ್ಮಿನ್ ಪಾಸ್‌ವರ್ಡ್ ಕೇಳುವುದಿಲ್ಲ.

ಸೆಟಪ್ ಫೈಲ್ ಬದಲು ಜಿಪ್ ಫೈಲ್ ಇಳಿಸಿ, ‘ಎಲೆ’ ಫೋಲ್ಡರ್‌ನಲ್ಲಿ ಬಿಚ್ಚಿ. ಎರಡನೆಯ ಆವೃತ್ತಿಯನ್ನೇ ತೆಗೆದುಕೊಳ್ಳಿ. ಯಾವ ಕೀ ಏನು ಮಾಡಬೇಕು ಅಂತ ನಾವು ಬರೆದುಕೊಡುವ ಟೆಕ್ಸ್ಟ್ ಫೈಲಿಗೆ ಸ್ಕ್ರಿಪ್ಟ್ ಅನ್ನುತ್ತಾರೆ. ಮೊದಲನೆಯದಕ್ಕೆ ಬರೆದ ಸ್ಕ್ರಿಪ್ಟ್ ಎಷ್ಟೋ ಸಲ ಇದರಲ್ಲಿ ಓಡದು, ನೆಟ್‌ನಲ್ಲಿ ಸಿಗುವ ಹಳೆಯ ಸ್ಕ್ರಿಪ್ಟ್ ನಕಲು ಮಾಡುವಾಗ ಇದು ನೆನಪಿರಲಿ. ಒಳಗೆ 32 ಮತ್ತು 64 ಬಿಟ್‌ನ ಎರಡು ಪ್ರೋಗ್ರಾಂ ಇರುತ್ತವೆ. 64ರದ್ದರ ಪಕ್ಕದಲ್ಲಿ ಅದೇ ಹೆಸರಿನ ಒಂದು ಟೆಕ್ಸ್ಟ್ ಫೈಲ್ ಮಾಡಿ, ಎಕ್ಸ್‌ಟೆನ್ಷನ್ ಮಾತ್ರ ‘ಎ-ಎಚ್-ಕೆ’. ಹೆಸರು ಒಂದೇ ಇದ್ದರೆ ಪ್ರೋಗ್ರಾಂ ಮೇಲೆ ಎರಡು ಕ್ಲಿಕ್ ಮಾಡಿದಾಗ ಆ ಸ್ಕ್ರಿಪ್ಟ್ ತಾನೇ ಓಡುತ್ತದೆ. ಬೇರೆ ಜೋಡಣೆ ಏನೂ ಬೇಡ.

ಕೀ ಬದಲಿಸುವುದು ಒಂದೇ ಸಾಲಿನ ಕೆಲಸ. ಎಡಗಡೆ ಒತ್ತುವ ಕೀಯ ಹೆಸರು, ನಡುವೆ ಎರಡು ಕೋಲನ್, ಬಲಗಡೆ ಆಗಬೇಕಾದ ಕೀಯ ಹೆಸರು. ಕ್ಯಾಪ್ಸ್ ಲಾಕ್ ಒತ್ತಿದರೆ ಕಂಟ್ರೋಲ್ ಆಗಲಿ ಅಂತ ನಾನು ಬರೆದುಕೊಂಡಿದ್ದೇನೆ. ಅಂದಿನಿಂದ ಅರ್ಜಿಯ ಅರ್ಧ ದೊಡ್ಡಕ್ಷರದಲ್ಲಿ ಬರುವುದು ನಿಂತಿದೆ.

ನಿಜವಾದ ಉಪಕಾರ ಹಾಟ್‌ಸ್ಟ್ರಿಂಗ್‌ನದ್ದು, ಅಂದರೆ ಎರಡು ಮೂರು ಅಕ್ಷರ ಟೈಪ್ ಮಾಡಿದರೆ ಪೂರ್ತಿ ವಾಕ್ಯ ಬರುವ ವ್ಯವಸ್ಥೆಯದ್ದು. ಎರಡು ಕೋಲನ್, ಇಂಗ್ಲಿಷ್‌ನ ಮೂರು ಅಕ್ಷರ, ಮತ್ತೆ ಎರಡು ಕೋಲನ್, ಅದರ ಮುಂದೆ ಬೇಕಾದ ಕನ್ನಡ ವಾಕ್ಯ. ಸ್ಕ್ರಿಪ್ಟ್ ಉಳಿಸಿ, ಗಡಿಯಾರದ ಪಕ್ಕದ ಹಸಿರು ಚೌಕದ ‘ಎಚ್’ ಐಕಾನ್ ಮೇಲೆ ರೈಟ್ ಕ್ಲಿಕ್ ಮಾಡಿ ರೀಲೋಡ್ ಕೊಡಿ. ಈಗ ಆ ಮೂರು ಅಕ್ಷರ ಟೈಪ್ ಮಾಡಿ ಸ್ಪೇಸ್ ಒತ್ತಿದರೆ ‘ಶಿರಸಿ ತಾಲೂಕು, ಉತ್ತರ ಕನ್ನಡ ಜಿಲ್ಲೆ’ ಪೂರ್ತಿ ಬರುತ್ತದೆ. ‘ಮಾನ್ಯರೇ, ಈ ಮೇಲ್ಕಂಡ ವಿಷಯಕ್ಕೆ ಸಂಬಂಧಿಸಿದಂತೆ’ ಅನ್ನುವುದಕ್ಕೂ ನನ್ನದೊಂದು ಮೂರಕ್ಷರ ಇದೆ. ವರ್ಷಕ್ಕೆ ಎಷ್ಟು ಗಂಟೆ ಉಳಿಯಿತು ಅಂತ ಲೆಕ್ಕ ಹಾಕಿಲ್ಲ, ಬೆರಳಿಗೆ ಗೊತ್ತು. ಅಕ್ಷರ ಆರಿಸುವಾಗ ಬೇರೆ ಯಾವ ಪದವೂ ಆಗದ ಜೋಡಣೆ ಇರಲಿ. ಇಲ್ಲದಿದ್ದರೆ ಇಂಗ್ಲಿಷ್ ಪತ್ರದ ನಡುವೆ ಶಿರಸಿ ತಾಲೂಕು ಎದ್ದು ಕೂರುತ್ತದೆ.

ಮೂರು ಕಡೆ ನಾನು ಎಡವಿದ್ದೇನೆ, ನೀವು ಎಡವುವುದು ಬೇಡ.

ಒಂದು, ಸ್ಕ್ರಿಪ್ಟ್ ಫೈಲ್ ಯುಟಿಎಫ್-8ರಲ್ಲಿ, ಅಂದರೆ ಕನ್ನಡ ಅಕ್ಷರ ಹಿಡಿಯುವ ಎನ್‌ಕೋಡಿಂಗ್‌ನಲ್ಲಿ, ಉಳಿಸಿರಬೇಕು. ಈಗಿನ ನೋಟ್‌ಪ್ಯಾಡ್ ತಾನೇ ಹಾಗೆ ಉಳಿಸುತ್ತದೆ. ಹಳೆಯ ಕಂಪ್ಯೂಟರ್‌ನ ನೋಟ್‌ಪ್ಯಾಡ್ ಆನ್ಸಿ ಅಂತ ಉಳಿಸಿ ಕನ್ನಡವನ್ನೆಲ್ಲ ಪ್ರಶ್ನಾರ್ಥಕ ಚಿಹ್ನೆ ಮಾಡಿಬಿಡುತ್ತದೆ. ಸೇವ್ ಆ್ಯಸ್ ಕೊಟ್ಟು ಕೆಳಗಿನ ಎನ್‌ಕೋಡಿಂಗ್ ನೋಡಿಕೊಳ್ಳಿ.

ಎರಡು, ಫೋನ್ ನಂಬರ್. +91 ಅಂತ ಶುರುವಾಗುವ ನಂಬರನ್ನು ಹಾಟ್‌ಸ್ಟ್ರಿಂಗ್ ಮಾಡಿದರೆ ಮೊದಲಿಗೆ ‘(1’ ಅಂತ ಬರುತ್ತದೆ. ಕೀಬೋರ್ಡ್ ಕೆಟ್ಟಿದೆ ಅಂತ ನಾನು ಅದನ್ನು ಉಲ್ಟಾ ಹಿಡಿದು ಕೊಡವಿದ್ದೂ ಆಯಿತು. ಆಟೋಹಾಟ್‌ಕೀ ಭಾಷೆಯಲ್ಲಿ ಪ್ಲಸ್ ಅಂದರೆ ಶಿಫ್ಟ್ ಕೀ. ಶಿಫ್ಟ್ ಹಿಡಿದು 9 ಒತ್ತಿದರೆ ಬರುವುದು ಆವರಣವೇ ತಾನೆ! ಮೊದಲ ಎರಡು ಕೋಲನ್ ನಡುವೆ ಇಂಗ್ಲಿಷ್‌ನ ‘ಟಿ’ ಅಕ್ಷರ ಸೇರಿಸಿದರೆ ಬರೆದದ್ದನ್ನು ಬರೆದ ಹಾಗೇ ಹಾಕುತ್ತದೆ.

ಮೂರನೆಯದು ನಮ್ಮ ಡಿಟಿಪಿಯವರ ಹಳೆಯ ತಲೆನೋವು. ಇಲ್ಲಿ ಬರುವುದು ಯೂನಿಕೋಡ್ ಕನ್ನಡ. ನುಡಿಯ ಹಳೆಯ, ಯೂನಿಕೋಡ್ ಅಲ್ಲದ ಫಾಂಟ್‌ನಲ್ಲಿ ಕೂತಿರುವ ಪುಟಕ್ಕೆ ಇದು ಹೊಂದುವುದಿಲ್ಲ, ಪೇಜ್‌ಮೇಕರ್‌ಗಂತೂ ಯೂನಿಕೋಡ್ ಗೊತ್ತೇ ಇಲ್ಲ. ಮದುವೆ ಕರೆಯೋಲೆಯನ್ನು ಪೇಜ್‌ಮೇಕರ್‌ನಲ್ಲಿ ಮಾಡುವವರಿಗೆ ಕೀ ಬದಲಿಸುವುದು ಮಾತ್ರ ಉಪಯೋಗಕ್ಕೆ ಬರುತ್ತದೆ, ಕನ್ನಡ ವಾಕ್ಯ ಹಾಕುವುದು ಬರುವುದಿಲ್ಲ.

ಸ್ಕ್ರಿಪ್ಟನ್ನು ಸ್ವತಂತ್ರ ಪ್ರೋಗ್ರಾಂ ಆಗಿ ಪರಿವರ್ತಿಸುವ ಸೌಲಭ್ಯವೂ ಇದೆ. ಬೇಡ. ಹಾಗೆ ಮಾಡಿದ ಫೈಲನ್ನು ಆ್ಯಂಟಿವೈರಸ್‌ಗಳು ಸುಳ್ಳೇ ವೈರಸ್ ಅಂತ ಹಿಡಿಯುವುದು ಜಾಸ್ತಿ. ಪ್ರೋಗ್ರಾಂ ಬೇರೆ, ಸ್ಕ್ರಿಪ್ಟ್ ಬೇರೆ ಇದ್ದರೆ ಕೇಳಿದವರಿಗೆ ಸ್ಕ್ರಿಪ್ಟ್ ತೆರೆದು ತೋರಿಸಲೂಬಹುದು. ಹಾಗೆಯೇ, ಅಡ್ಮಿನ್ ಆಗಿ ತೆರೆದ ಕಿಟಕಿಯಲ್ಲಿ ನಿಮ್ಮ ಕೀಗಳು ಕೆಲಸ ಮಾಡದಿದ್ದರೆ ಗಾಬರಿ ಬೇಡ. ಸಾಮಾನ್ಯ ಪ್ರೋಗ್ರಾಂ ಒಂದು ಅಡ್ಮಿನ್ ಕಿಟಕಿಗೆ ಕೀ ಕಳಿಸದಂತೆ ವಿಂಡೋಸೇ ತಡೆಯುತ್ತದೆ.

ನಾಲ್ಕನೆಯದು: ರೇನ್‌ಮೀಟರ್ ಮತ್ತು ಟಾಸ್ಕ್‌ಬಾರ್

ರೇನ್‌ಮೀಟರ್ ಸೆಟಪ್ ಶುರು ಮಾಡಿದಾಗ ಸ್ಟ್ಯಾಂಡರ್ಡ್, ಪೋರ್ಟಬಲ್ ಅಂತ ಎರಡು ಆಯ್ಕೆ ಬರುತ್ತವೆ. ಪೋರ್ಟಬಲ್ ಆರಿಸಿ ಪೆನ್‌ಡ್ರೈವ್‌ನ ಫೋಲ್ಡರ್ ತೋರಿಸಿ. ಸೆಟ್ಟಿಂಗ್ ಫೈಲೂ ಸ್ಕಿನ್‌ಗಳೂ (ಡೆಸ್ಕ್‌ಟಾಪ್ ಮೇಲೆ ಕಾಣುವ ಗಡಿಯಾರ, ಮೀಟರ್‌ಗಳು) ಅಲ್ಲೇ ಕೂರುತ್ತವೆ. ದೊಡ್ಡ ಮಾನಿಟರ್‌ನ ಬಲತುದಿಗೆ ಇಟ್ಟ ಗಡಿಯಾರ ಸಣ್ಣ ಲ್ಯಾಪ್‌ಟಾಪ್‌ನಲ್ಲಿ ತೆರೆಯಿಂದ ಆಚೆ ಹೋಗಿ ಕಾಣದಿರಬಹುದು, ಎಡಮೂಲೆಯಲ್ಲಿಟ್ಟರೆ ಆ ಗೋಳಿಲ್ಲ. ವಾಲ್‌ಪೇಪರ್ ಬದಲಿಸುವ ಸ್ಕಿನ್ ಬಳಸಿದರೆ ಆ ವಾಲ್‌ಪೇಪರ್ ಮಾತ್ರ ನೀವು ಹೋದ ಮೇಲೂ ಉಳಿಯುತ್ತದೆ.

ಟಾಸ್ಕ್‌ಬಾರ್‌ಗೆ ವಿಂಡೋಸ್ 10ರವರೆಗೆ 7+ ಟಾಸ್ಕ್‌ಬಾರ್ ಟ್ವೀಕರ್ ಸಾಕು. 2021ರಲ್ಲಿ ಬಂದ ವಿಂಡೋಸ್ 11ರಲ್ಲಿ ಟಾಸ್ಕ್‌ಬಾರನ್ನೇ ಹೊಸದಾಗಿ ಬರೆದರು, ಹಳೆಯ ಟೂಲ್‌ಗಳು ಅಲ್ಲಿ ಸೋತವು. ಅದಕ್ಕೆ ಅದೇ ಕರ್ತೃವಿನ ವಿಂಡ್‌ಹಾಕ್ ಇದೆ. ಎರಡರ ಸೆಟಪ್‌ನಲ್ಲೂ ಪೋರ್ಟಬಲ್ ಆಯ್ಕೆ ಸಿಗುತ್ತದೆ. ಆದರೆ ಇವು ಟಾಸ್ಕ್‌ಬಾರ್, ಫೋಲ್ಡರ್ ತೋರಿಸುವ ವಿಂಡೋಸ್‌ನ ಎಕ್ಸ್‌ಪ್ಲೋರರ್ ಒಳಗೇ ಹೊಕ್ಕು ಕೆಲಸ ಮಾಡುವಂಥವು. ವಿಂಡೋಸ್ ಅಪ್‌ಡೇಟ್ ಆದ ಮರುದಿನ ತೆರೆ ಮಿಟುಕಿದರೆ ಮೊದಲು ಇವುಗಳ ಮೇಲೆ ಗುಮಾನಿಪಡಿ.

ಐದನೆಯದು: ಡಬ್ಬಿ ಫೋಲ್ಡರ್ ತೆರೆಯುವ ಮುಂಚೆ

ಈಗ ಹುಷಾರಾಗಿರಬೇಕಾದ ಜಾಗ. ಭಾವನ ಪ್ರಕರಣದ ನಂತರ ನನ್ನ ಕ್ರಮ ಹೀಗಿದೆ.

ಮೊದಲು ಯಜಮಾನರನ್ನು ಕೇಳುವುದು. ಬಾಯಿಮಾತಿನಲ್ಲಿ ‘ಸ್ವಲ್ಪ ಸರಿ ಮಾಡ್ಲಾ?’ ಅಂದರೆ ಸಾಲದು, ಏನನ್ನು ಅಂತ ಹೇಳಿ. ಬ್ಯಾಂಕು, ಸರ್ಕಾರಿ ಕಚೇರಿ, ಸೊಸೈಟಿಯ ಕಂಪ್ಯೂಟರ್‌ಗೆ ಈ ಪೆನ್‌ಡ್ರೈವ್ ಚುಚ್ಚಲೇಬೇಡಿ. ಅಲ್ಲಿ ಯುಎಸ್‌ಬಿ ಬಂದ್ ಮಾಡಿಟ್ಟಿದ್ದರೆ ಅದಕ್ಕೆ ಕಾರಣ ಇರುತ್ತದೆ, ದಾಟುವ ದಾರಿ ಹುಡುಕುವುದು ನಮ್ಮ ಕೆಲಸ ಅಲ್ಲ. ಇನ್ನು ಕಾರವಾರ ಅಂದರೆ ನೌಕಾನೆಲೆ, ಕೈಗಾ ಇರುವ ಜಾಗ. ಅಂಥ ಆವರಣಗಳಿಗೆ ಕೆಲಸಕ್ಕೆ ಹೋಗುವವರು ಪೆನ್‌ಡ್ರೈವ್ ಮನೆಯಲ್ಲೇ ಇಟ್ಟು ಹೋಗಿ.

ಆಮೇಲೆ ರಿಸ್ಟೋರ್ ಪಾಯಿಂಟ್, ಅಂದರೆ ಎಡವಟ್ಟಾದರೆ ವಿಂಡೋಸ್ ಸೆಟ್ಟಿಂಗ್‌ಗಳನ್ನು ಹಿಂದಿನ ಸ್ಥಿತಿಗೆ ಮರಳಿಸಲು ಇಟ್ಟುಕೊಳ್ಳುವ ಗುರುತು. ಸ್ಟಾರ್ಟ್ ಮೆನುವಿನಲ್ಲಿ ಆ ಹೆಸರು ಟೈಪ್ ಮಾಡಿದರೆ ಸಿಸ್ಟಮ್ ಪ್ರೊಟೆಕ್ಷನ್ ಕಿಟಕಿ ಬರುತ್ತದೆ. ‘ಕ್ರಿಯೇಟ್’ ಬಟನ್ ಮಂಕಾಗಿದ್ದರೆ ಆ ಸೌಲಭ್ಯ ಆಫ್ ಇದೆ ಅಂತ ಅರ್ಥ. ಸಿ ಡ್ರೈವ್ ಆರಿಸಿ, ‘ಕಾನ್ಫಿಗರ್’ ಒತ್ತಿ ಆನ್ ಮಾಡಿ. ಎಷ್ಟೋ ಕಂಪ್ಯೂಟರ್‌ಗಳಲ್ಲಿ ಅದು ಆಫ್ ಇರುತ್ತದೆ, ನಾವು ಇದೆ ಅಂತ ನಂಬಿ ಕೂತಿರುತ್ತೇವೆ.

ಹೆಚ್ಚಿನವರು ರಿಜಿಸ್ಟ್ರಿ ಎಕ್ಸ್‌ಪೋರ್ಟ್ ಮಾಡಿಟ್ಟುಕೊಂಡರೆ, ಅಂದರೆ ಅದರ ನಕಲನ್ನು ಒಂದು ಫೈಲಿನಲ್ಲಿ ಉಳಿಸಿಕೊಂಡರೆ, ಸಾಕು ಅನ್ನುತ್ತಾರೆ. ನಾನೂ ನಂಬಿದ್ದೆ. ಅದರಲ್ಲೊಂದು ತೂತು ಇದೆ. ಎಕ್ಸ್‌ಪೋರ್ಟ್ ಮಾಡಿದ ಫೈಲನ್ನು ಮತ್ತೆ ಹಾಕಿದಾಗ ಅದು ಈಗಿರುವುದರ ಮೇಲೆ ಹಳೆಯ ಸೆಟ್ಟಿಂಗ್‌ಗಳನ್ನು ಬರೆಯುತ್ತದೆ ಅಷ್ಟೇ. ನಡುವೆ ಹೊಸದಾಗಿ ಸೇರಿದ ನಮೂದನ್ನು ಅಳಿಸುವುದಿಲ್ಲ. ಸೆಟ್ಟಿಂಗ್ ಬದಲಿಸುವ ಈ ಟ್ವೀಕ್ ಟೂಲ್‌ಗಳು ಹೆಚ್ಚಾಗಿ ಮಾಡುವುದೇ ಮೊದಲು ಇಲ್ಲದ ಪಾಲಿಸಿ ನಮೂದನ್ನು (‘ಇದು ಹೀಗೇ ಇರಬೇಕು’ ಅಂತ ವಿಂಡೋಸ್‌ಗೆ ಹಾಕುವ ಕಟ್ಟಳೆಯನ್ನು) ಹೊಸದಾಗಿ ಸೇರಿಸುವ ಕೆಲಸ. ಹಾಗಾಗಿ ಎಕ್ಸ್‌ಪೋರ್ಟ್ ಮರಳಿ ಹಾಕಿದರೂ ಆ ನಮೂದು ಗಟ್ಟಿಯಾಗಿ ಅಲ್ಲೇ ಕೂತಿರುತ್ತದೆ. ಮಾಡಿದ ಟೂಲ್‌ನಿಂದಲೇ ಹಿಂದೆ ತಿರುಗಿಸಬೇಕು, ಇಲ್ಲವೇ ರಿಸ್ಟೋರ್ ಪಾಯಿಂಟ್‌ಗೆ ಹೋಗಬೇಕು. ‘ಕೆಲವು ಸೆಟ್ಟಿಂಗ್‌ಗಳನ್ನು ನಿಮ್ಮ ಸಂಸ್ಥೆ ನೋಡಿಕೊಳ್ಳುತ್ತಿದೆ’ ಎಂಬರ್ಥದ ಇಂಗ್ಲಿಷ್ ಸಾಲು ಮನೆಯ ಕಂಪ್ಯೂಟರ್‌ನಲ್ಲಿ ಕಂಡರೆ ಇಂಥ ಪಾಲಿಸಿ ನಮೂದು ಇದೆ ಅಂತಲೇ ತಿಳಿಯಿರಿ.

ಶಟ್‌ಅಪ್10++ನಲ್ಲಿ ಪ್ರತಿ ಸಾಲಿನ ಪಕ್ಕ ಶಿಫಾರಸು ಇರುತ್ತದೆ. ಪೂರ್ತಿ ಶಿಫಾರಸು ಇರುವುದು, ಸ್ವಲ್ಪ ಇರುವುದು, ಬೇಡ ಅನ್ನುವುದು. ಮೂರನೆಯದನ್ನು ಪರರ ಕಂಪ್ಯೂಟರ್‌ನಲ್ಲಿ ಮುಟ್ಟಬೇಡಿ. ಒಟ್ಟಿಗೆ ಎಲ್ಲ ಹಾಕುವ ಬಟನ್ ಕೂಡ ಬೇಡ. ಒಂದು ಸಲಕ್ಕೆ ಎರಡು ಮೂರು ಬದಲಾವಣೆ, ಆಮೇಲೆ ರೀಸ್ಟಾರ್ಟ್, ಆಮೇಲೆ ಪ್ರಿಂಟರ್, ಸ್ಕ್ಯಾನರ್, ನೆಟ್, ಕ್ಲೌಡ್ ಸಿಂಕ್ ಒಂದೊಂದೇ ನೋಡುವುದು. ನಿಮ್ಮ ಆಯ್ಕೆಗಳನ್ನು ಒಂದು ಫೈಲ್ ಆಗಿ ‘ಬ್ಯಾಕಪ್’ ಫೋಲ್ಡರ್‌ಗೆ ಎಕ್ಸ್‌ಪೋರ್ಟ್ ಮಾಡಬಹುದು, ಬೇರೆ ಕಂಪ್ಯೂಟರ್‌ನಲ್ಲಿ ಅದನ್ನೇ ಇಂಪೋರ್ಟ್ ಮಾಡಬಹುದು.

ಈಗ ಆ ಡೈರಿ ಫೈಲ್. ತಾರೀಖು, ಯಾರ ಕಂಪ್ಯೂಟರ್, ಯಾವ ಟೂಲ್, ಏನು ಬದಲಾಯಿತು. ನಾಲ್ಕೇ ವಿಷಯ. ಭಾವನ ಫೋನ್ ಬಂದಾಗ ಇದು ಇದ್ದಿದ್ದರೆ ಐದು ನಿಮಿಷದ ಕೆಲಸ. ಇರಲಿಲ್ಲ, ಅರ್ಧ ಭಾನುವಾರ ಹೋಯಿತು. ಈಗ ಅಕ್ಕನ ಮನೆಗೆ ಹೋದರೆ ಭಾವ ಮೊದಲು ಕೇಳುವುದೇ ‘ಇವತ್ತು ಡೈರಿಯಲ್ಲಿ ಎಂತ ಬರೀತೆ?’

ಅಡ್ಮಿನ್ ಪಾಸ್‌ವರ್ಡ್‌ನ ಒಂದು ವಿಚಿತ್ರ

ಅಂಗಡಿಯಲ್ಲಿ ನನಗಿರುವುದು ಸಾಮಾನ್ಯ ಯೂಸರ್ ಖಾತೆ. ಒಮ್ಮೆ ಯಜಮಾನರೇ ಬಂದು ತಮ್ಮ ಅಡ್ಮಿನ್ ಪಾಸ್‌ವರ್ಡ್ ಹಾಕಿ ಟೂಲ್ ತೆರೆದುಕೊಟ್ಟರು. ಫೈಲ್ ಎಕ್ಸ್‌ಟೆನ್ಷನ್ ತೋರಿಸುವ ಆಯ್ಕೆ ಹಾಕಿದೆ, ರೀಸ್ಟಾರ್ಟ್ ಮಾಡಿದೆ. ನನಗೆ ಏನೂ ಬದಲಾಗಲಿಲ್ಲ. ಮರುದಿನ ಯಜಮಾನರು ತಮ್ಮ ಖಾತೆಯಲ್ಲಿ ಕೂತು ‘ಎಲ್ಲ ಫೈಲ್ ಹೆಸರಿಗೂ ಬಾಲ ಬಂದಿದೆ’ ಅಂದರು.

ಆದದ್ದು ಇಷ್ಟು. ಬೇರೆಯವರ ಪಾಸ್‌ವರ್ಡ್ ಹಾಕಿ ಓಡಿಸಿದ ಪ್ರೋಗ್ರಾಂ ಅವರ ಖಾತೆಯ ಹೆಸರಿನಲ್ಲೇ ಓಡುತ್ತದೆ. ‘ಈಗಿನ ಯೂಸರ್’ ಅಂದರೆ ಅದಕ್ಕೆ ಅವರು, ನೀವಲ್ಲ. ಫೈಲ್ ಎಕ್ಸ್‌ಟೆನ್ಷನ್, ಟಾಸ್ಕ್‌ಬಾರ್ ಜಾಗ, ಬಣ್ಣ ಇಂಥ ನಿಮ್ಮದೇ ಸೆಟ್ಟಿಂಗ್‌ಗಳಿಗೆ ಅಡ್ಮಿನ್ ಬೇಕಿಲ್ಲ. ವಿಂಡೋಸ್‌ನ ಫೋಲ್ಡರ್ ಆಪ್ಷನ್ಸ್‌ನಲ್ಲೇ ಅದು ಸಿಗುತ್ತದೆ, ಟೂಲೇ ಬೇಡ.

ಕೊನೆಗೆ: ಕೀಳುವ ಕ್ರಮ

ಪೆನ್‌ಡ್ರೈವ್ ತೆಗೆಯುವ ಮೊದಲು ಓಡುತ್ತಿರುವುದನ್ನೆಲ್ಲ ನಿಲ್ಲಿಸಿ. ಕಿಟಕಿ ಮುಚ್ಚಿದರೆ ಸಾಲದು. ಆಟೋಹಾಟ್‌ಕೀ, ರೇನ್‌ಮೀಟರ್ ಎರಡೂ ಗಡಿಯಾರದ ಪಕ್ಕದ ಬಾಣದ ಗುರುತಿನಡಿ ಅಡಗಿ ಕೂತಿರುತ್ತವೆ. ಅಲ್ಲಿಂದ ಎಕ್ಸಿಟ್ ಕೊಟ್ಟು, ಆಮೇಲೆ ಇಜೆಕ್ಟ್ ಮಾಡಿ. ವಿಂಡೋಸ್ 10ರ 1809 ಆವೃತ್ತಿಯಿಂದ ಇಜೆಕ್ಟ್ ಮಾಡದೆ ತೆಗೆದರೂ ನಡೆಯುವಂತೆ ಸೆಟ್ಟಿಂಗ್ ಇದೆ ಅಂತ ಕೆಲವರು ವಾದಿಸುತ್ತಾರೆ. ಅದು ಫೈಲ್ ಬರೆಯುವುದು ಮುಗಿದಿದ್ದರೆ ಮಾತ್ರ. ಪೆನ್‌ಡ್ರೈವ್‌ನಿಂದಲೇ ಪ್ರೋಗ್ರಾಂ ಓಡುತ್ತಿರುವಾಗ ಕಿತ್ತರೆ ಕೂತ ಕೊಂಬೆ ಕಡಿದಂತೆ.

ಎಲ್ಲ ಮುಚ್ಚಿದರೂ ‘ಡ್ರೈವ್ ಬಳಕೆಯಲ್ಲಿದೆ’ ಅಂತ ಹಟ ಹಿಡಿದರೆ, ವಿಂಡೋಸ್ ತನ್ನಲ್ಲಿ ನಡೆದದ್ದನ್ನು ಬರೆದಿಟ್ಟಿರುವ ದಾಖಲೆ ತೋರಿಸುವ ಇವೆಂಟ್ ವ್ಯೂವರ್ ತೆರೆಯಿರಿ. ವಿಂಡೋಸ್ ಲಾಗ್ಸ್ ಅಡಿಯ ಸಿಸ್ಟಮ್‌ನಲ್ಲಿ 225 ಸಂಖ್ಯೆಯ ಸಾಲು ಇದ್ದರೆ ತಡೆಯುತ್ತಿರುವ ಪ್ರೋಗ್ರಾಂನ ಹೆಸರು ಅದರಲ್ಲೇ ಬರೆದಿರುತ್ತದೆ. ಸಿಸ್‌ಇಂಟರ್ನಲ್ಸ್‌ನ ಪ್ರೊಸೆಸ್ ಎಕ್ಸ್‌ಪ್ಲೋರರ್‌ನಲ್ಲಿ ಫೈಂಡ್ ಹ್ಯಾಂಡಲ್ ತೆರೆದು ಡ್ರೈವ್ ಅಕ್ಷರ ಮತ್ತು ಕೋಲನ್ ಹಾಕಿ ಹುಡುಕಿದರೂ ಸಿಗುತ್ತದೆ. ಒಂದೇ ಎಚ್ಚರಿಕೆ, ಅದನ್ನು ಅದೇ ಪೆನ್‌ಡ್ರೈವ್‌ನಿಂದ ಓಡಿಸಬೇಡಿ, ಡೆಸ್ಕ್‌ಟಾಪ್‌ಗೆ ನಕಲು ಮಾಡಿ ಓಡಿಸಿ. ನಾನು ಒಮ್ಮೆ ಹತ್ತು ನಿಮಿಷ ಹುಡುಕಿ ಕಳ್ಳನನ್ನು ಹಿಡಿದೆ. ನೋಡಿದರೆ ಹಿಡಿದುಕೊಂಡಿದ್ದದ್ದು ಹುಡುಕಲು ತೆರೆದ ಪ್ರೊಸೆಸ್ ಎಕ್ಸ್‌ಪ್ಲೋರರೇ.

ಏನೂ ಆಗದಿದ್ದರೆ ಕಂಪ್ಯೂಟರ್ ಶಟ್‌ಡೌನ್ ಮಾಡಿ, ದೀಪ ಆರಿದ ಮೇಲೆ ತೆಗೆಯಿರಿ. ಮನೆಗೆ ಬಂದು ಪೆನ್‌ಡ್ರೈವ್‌ನ ಮೂರೂ ಫೋಲ್ಡರ್ ಮತ್ತು ಡೈರಿಯನ್ನು ಬೇರೆ ಕಡೆ ನಕಲು ಮಾಡಿಟ್ಟುಕೊಳ್ಳಿ. ಬಸ್ಸಿನಲ್ಲಿ ಜೇಬಿನಿಂದ ಜಾರಿ ಬೀಳುವ ವಸ್ತು ಅದು, ನನ್ನದು ಈಗಾಗಲೇ ಒಂದು ಕುಮಟಾ ಬಸ್ ಸ್ಟ್ಯಾಂಡ್ ಪಾಲಾಗಿದೆ.